ಹಿಟ್ ಆದ್ಮೇಲೆ ಎಲ್ರೂ ನೆಂಟರೇ

ಸಂಪಾದಕರೇ,

2025ರಲ್ಲಿ ‘ಸು ಫ್ರಮ್ ಸೋ’ ಆ ಪರಿ ಓಡಿದ್ಮೇಲೆ ಸಣ್ಣ ಬಜೆಟ್ ಸಿನಿಮಾ ಅಂದ್ರೆ ಲಾಟ್ರಿ ಅನ್ನೋ ಥರ ಜನ ಮಾತಾಡ್ತಿದಾರೆ, ನಮ್ಮಂಥ ನಾಟಕದ ಹುಡುಗ್ರಿಗೂ ಕತೆ ನೀನೇ ಬರಿ, ನೀನೇ ಆಕ್ಟ್ ಮಾಡು, ನೀನೇ ದುಡ್ಡು ಹಾಕು ಅಂತ ಪುಕ್ಕಟೆ ಸಲಹೆ. ಅದ್ರ ನಿರ್ಮಾಪಕರಲ್ಲಿ ಒಬ್ರಾದ ರಾಜ್ ಬಿ. ಶೆಟ್ಟಿ 2017ರಲ್ಲೇ ‘ಒಂದು ಮೊಟ್ಟೆಯ ಕಥೆ’ ಸಿನಿಮಾನ ತಾವೇ ಬರೆದು, ಡೈರೆಕ್ಟ್ ಮಾಡಿ, ಬೋಳುತಲೆ ಹೀರೋ ಆಗಿ ಬಂದೋರು, ಆ ನಡುವಿನ ಎಂಟು ವರ್ಷದ ಕತೆ ಮಾತ್ರ ಯಾರಿಗೂ ಬೇಡ.

ಶೂಟಿಂಗ್ ಹೇಗೋ ಆಗತ್ತೆ ಸಾರ್. ಫ್ರೆಂಡ್ ಕ್ಯಾಮೆರಾ, ಅತ್ತೆ ಮನೆ ಲೊಕೇಶನ್ನು, ಅಮ್ಮನ ಕೈಯ ಚಿತ್ರಾನ್ನ. 2013ರಲ್ಲಿ ಪವನ್ ಕುಮಾರ್ ‘ಲೂಸಿಯಾ’ಗೆ ಜನರಿಂದ್ಲೇ ದುಡ್ಡು ಸೇರಿಸಿ ತೋರ್ಸಿದಾರಲ್ಲ. ನಿಜವಾದ ಪೇಚಾಟ ಆಮೇಲಿಂದು, ಸೆನ್ಸಾರ್ ಫೀಸು, ಪೋಸ್ಟರು, ಥಿಯೇಟರ್‌ಗೆ ಸಿನಿಮಾ ಮುಟ್ಸೋಕೆ ಯುಎಫ್‌ಒ, ಕ್ಯೂಬ್ ಅನ್ನೋ ಡಿಜಿಟಲ್ ಕಂಪನಿಗಳ ಚಾರ್ಜು, ಇಷ್ಟೆಲ್ಲ ಕಟ್ಟಿದ್ರೂ ಹೊಸಬರಿಗೆ ಮಲ್ಟಿಪ್ಲೆಕ್ಸಲ್ಲಿ ಸಿಗೋದು ಬೆಳಗ್ಗೆ ಹತ್ತರ ಶೋ, ಆ ಹೊತ್ತಿಗೆ ಕೆಲಸ ಬಿಟ್ಟು ಯಾರ್ ಬರ್ತಾರೆ, ಜನ ಬರಲಿಲ್ಲ ಅಂತ ಸೋಮವಾರ ಅದೂ ಎತ್ತಂಗಡಿ. ಬಾಯಿಂದ ಬಾಯಿಗೆ ಸುದ್ದಿ ಹೋಗೋಕಾದ್ರೂ ಒಂದು ವಾರ ಬೇಡ್ವಾ? ಒಟಿಟಿಯವ್ರಂತೂ ಥಿಯೇಟರ್ ಕಲೆಕ್ಷನ್ ಎಷ್ಟು ಅಂತಾನೇ ಮೊದಲು ಕೇಳೋದು.

ಹೆಗ್ಗೋಡಲ್ಲಿ ರಂಗಕರ್ಮಿ ಕೆ.ವಿ. ಸುಬ್ಬಣ್ಣನವ್ರು 1973ರಲ್ಲೇ ನೀನಾಸಂ ಚಿತ್ರಸಮಾಜ ಕಟ್ಟಿ ಹಳ್ಳಿ ಜನಕ್ಕೆ ಒಳ್ಳೊಳ್ಳೆ ಸಿನಿಮಾ ತೋರ್ಸಿದ್ರು. ನಮ್ಮ ಜಿಲ್ಲಾ ರಂಗಮಂದಿರಗಳು ಸನ್ಮಾನ, ಜಯಂತಿ ಬಿಟ್ರೆ ಬೀಗ ಹಾಕ್ಕೊಂಡೇ ಇರತ್ವೆ. ಕನ್ನಡ ಮತ್ತು ಸಂಸ್ಕೃತಿ ಇಲಾಖೆಯವ್ರು ಒಂದೊಂದು ಪ್ರೊಜೆಕ್ಟರ್ ಹಾಕ್ಸಿ, ತಿಂಗಳಿಗೆ ಎರಡು ಶನಿವಾರ ಸಂಜೆ ನಮಗೆ ಬಿಟ್ಕೊಡ್ಲಿ, ಬಾಡಿಗೆ ಬದಲು ಟಿಕೆಟ್ ದುಡ್ಡಲ್ಲೇ ಪಾಲು ತಗೊಳ್ಲಿ.

– ಒಬ್ಬ ಹವ್ಯಾಸಿ ನಟ, ಹಾಸನ