ಕೋಸಿನ ಬಗ್ಗೆ ಬರೆಯುವ ಮುನ್ನ

ಪ್ರಿಯ ಮಿತ್ರರೆ,

ಮಂಡ್ಯದ ತರಕಾರಿ ಹೊಲಗಳ ಮೇಲಿನ ನಿಮ್ಮ ಲೇಖನದಲ್ಲಿ ‘ಹಳದಿ ಹೂ ತೂಗುವ ಎಲೆಕೋಸಿನ ಬಯಲು’ ಎಂಬ ಸಾಲಿದೆ. ಅದನ್ನು ತೆಗೆಯಿರಿ. ಎಲೆಕೋಸು ಹೂ ಬಿಡಬೇಕಾದರೆ ಬಲಿತ ಗಿಡಕ್ಕೆ ವಾರಗಟ್ಟಲೆ ಕಡು ಚಳಿ ತಾಗಬೇಕು. ನಮ್ಮ ಬಯಲಲ್ಲಿ ಅಷ್ಟು ಚಳಿಯೂ ಇಲ್ಲ, ಗಡ್ಡೆ ಬಿಗಿಯಾದ ಮೇಲೆ ರೈತ ಕಾಯುವುದೂ ಇಲ್ಲ. ಅದರ ಬೀಜ ಬೆಳೆಯುವುದು ಹಿಮಾಚಲ ಪ್ರದೇಶದ ಕುಲ್ಲು ಕಣಿವೆಯಂಥ ತಂಪು ಸೀಮೆಯಲ್ಲಿ.

ಹೂ ನೋಡಬೇಕೆಂದರೆ ಕೀಳದೆ ಬಿಟ್ಟ ಮೂಲಂಗಿಯ ಬಳಿಗೋ ಸಾಸಿವೆಯ ಸಾಲಿಗೋ ಹೋಗಿ, ಒಂದು ಹೂ ಬಿಡಿಸಿ. ಹೊರಗೆ 4 ಪುಷ್ಪಪತ್ರ, ಒಳಗೆ ಎದುರುಬದುರಾಗಿ 4 ದಳ, ನಡುವೆ 6 ಕೇಸರ. ಅವುಗಳಲ್ಲಿ 4 ಉದ್ದ, 2 ಗಿಡ್ಡ. ದಳಗಳ ಈ ನಿಲುವಿನಿಂದಲೇ ಕೋಸು, ಮೂಲಂಗಿ, ಸಾಸಿವೆಗಳ ಕುಟುಂಬಕ್ಕೆ ‘ಕ್ರೂಸಿಫೆರೆ’, ಅಂದರೆ ಶಿಲುಬೆ ಹೊತ್ತವು, ಎಂಬ ಹೆಸರು ಬಂತು. ಈಗ ಹೆಚ್ಚು ಚಾಲ್ತಿಯಲ್ಲಿರುವುದು ‘ಬ್ರಾಸಿಕೇಸಿ’. ಸಸ್ಯನಾಮ ನಿಯಮಗಳು ಎರಡನ್ನೂ ಒಪ್ಪುತ್ತವೆ. ಆದರೂ ಒಂದು ಲೇಖನಕ್ಕೆ ಒಂದೇ ಹೆಸರು ಸಾಕು. ಬೆರೆಸಿದರೆ ಓದುಗರು ಎರಡು ಕುಟುಂಬವೆಂದು ತಿಳಿಯುತ್ತಾರೆ. ‘ಶಿಲುಬೆಯಂತೆ’ ಎಂದು ಬರೆದು ನಿಲ್ಲಿಸಲೂಬೇಡಿ. ಮೈಸೂರಿನ ಸಂತ ಫಿಲೋಮಿನಾ ಚರ್ಚಿನ ತಳವಿನ್ಯಾಸವೂ ಶಿಲುಬೆಯೇ, ಆದರೆ ಅಲ್ಲಿ ಒಂದು ತೋಳು ನೀಳ. ಹೂವಿನಲ್ಲಿ ನಾಲ್ಕೂ ಸಮ.

ನಾಲ್ಕು ದಳ ಕಂಡದ್ದೆಲ್ಲ ಸಾಸಿವೆಯ ನಂಟಲ್ಲ. ಬದುವಿನ ನಾಯಿಸಾಸಿವೆಗೂ ನಾಲ್ಕೇ ಹಳದಿ ದಳ, ಆದರೆ ಅವು ಒಂದೇ ಕಡೆಗೆ ವಾಲಿರುತ್ತವೆ, ಕೇಸರಗಳು ಆರಕ್ಕಿಂತ ಹೆಚ್ಚು, ಗಿಡ ಮುಟ್ಟಿದರೆ ಅಂಟು. ಅದರ ಕುಟುಂಬವೇ ಬೇರೆ.

ಸಂತೆಯ ಮಾತು ಮತ್ತು ಸಸ್ಯದ ಅಂಗ ಬೇರೆಬೇರೆಯಾಗುವ ಕಡೆ ಇನ್ನೂ ಎಚ್ಚರ ಬೇಕು. ಕೋಸಿನ ‘ಗಡ್ಡೆ’ ನಿಜಕ್ಕೂ ಬಿಚ್ಚದ ತುದಿಮೊಗ್ಗು. ನವಿಲುಕೋಸು ನೆಲದ ಮೇಲೆಯೇ ಊದಿದ ಕಾಂಡ. ‘ಅಗೆದು ತೆಗೆದರು’ ಎಂದು ಬರೆದರೆ ಮಂಡ್ಯದ ಓದುಗರು ಅಲ್ಲೇ ಪುಟ ಮುಚ್ಚುತ್ತಾರೆ. ಹೂಕೋಸಿನ ಬಿಳಿ ಭಾಗ ಇನ್ನೂ ಹೂವಾಗದ, ಒತ್ತೊತ್ತಾಗಿ ಕವಲೊಡೆದ ಎಳೆತುದಿಗಳ ರಾಶಿ. ಈ ಮೂರೂ ಒಂದೇ ಪ್ರಭೇದ, ಬ್ರಾಸಿಕಾ ಒಲೆರೇಸಿಯಾ. ಸಾಸಿವೆ, ಮೂಲಂಗಿ ದಾಯಾದಿಗಳು.

‘ಒಗ್ಗರಣೆಯ ಸಾಸಿವೆಯ ಘಾಟು ಮೂಗಿಗೆ ಬಡಿಯಿತು’ ಎಂದೂ ಬರೆದಿದ್ದೀರಿ. ಸಾಸಿವೆ ಘಾಟಾಗುವುದು ಅರೆದು ನೀರು ತಾಗಿದಾಗ. ಕಾಳಿನಲ್ಲಿ ಬೇರೆಬೇರೆಯಾಗಿದ್ದ ಗ್ಲೂಕೋಸಿನೋಲೇಟು ಎಂಬ ರಾಸಾಯನಿಕ ಮತ್ತು ಅದನ್ನು ಒಡೆದು ಘಾಟು ಹುಟ್ಟಿಸುವ ಮೈರೋಸಿನೇಸ್ ಕಿಣ್ವ ಕೂಡುವುದು ಆಗಲೇ. ಕಾದ ಎಣ್ಣೆ ಆ ಕಿಣ್ವವನ್ನೇ ಕೆಡಿಸುತ್ತದೆ. ನಿಮ್ಮನ್ನು ಕೆಮ್ಮಿಸಿದ್ದು ಮೆಣಸಿನಕಾಯಿ. ಘಾಟು ಎಂಬ ಮಾತನ್ನು ಹಸಿ ಸಾಸಿವೆ ಅರೆದ ಗೊಜ್ಜಿಗೆ ಇಟ್ಟುಕೊಳ್ಳಿ.

ಕೋಸು, ಸಾಸಿವೆಗಳ ಈ ನಂಟು ಹೊಲದಲ್ಲೂ ಕೆಲಸ ಮಾಡುತ್ತದೆ, ಲೇಖನಕ್ಕೆ ನಾನು ಸೇರಿಸಿ ಎನ್ನುವುದು ಇದನ್ನೇ. ಕೋಸಿನ ದೊಡ್ಡ ಶತ್ರು ವಜ್ರಬೆನ್ನಿನ ಪತಂಗ. ಅದಕ್ಕೆ ಸಾಸಿವೆಯ ವಾಸನೆಯೂ ಹಿಡಿಸುವುದರಿಂದ ಸಾಸಿವೆಯನ್ನು ಬಲೆಬೆಳೆಯಾಗಿ, ಅಂದರೆ ಕೀಟವನ್ನು ತನ್ನತ್ತ ಸೆಳೆದು ಕೋಸನ್ನು ಉಳಿಸುವ ಬೆಳೆಯಾಗಿ, ಹಾಕುತ್ತಾರೆ. ಪ್ರತಿ 25 ಸಾಲು ಕೋಸಿಗೆ ಸಾಸಿವೆಯ ಜೋಡಿ ಸಾಲು: ಒಂದನ್ನು ಕೋಸು ನಾಟಿಗೆ 15 ದಿನ ಮೊದಲು, ಇನ್ನೊಂದನ್ನು ನಾಟಿಯಾಗಿ 25 ದಿನಕ್ಕೆ ಬಿತ್ತಬೇಕು. ಎರಡನ್ನೂ ಒಟ್ಟಿಗೆ ಬಿತ್ತಿದರೆ ಕೋಸು ಇನ್ನೂ ಹೊಲದಲ್ಲಿರುವಾಗಲೇ ಸಾಸಿವೆ ಬಲಿತು ಒಣಗುತ್ತದೆ, ಪತಂಗ ಕೋಸಿಗೇ ಇಳಿಯುತ್ತದೆ. ಹಾಗಾಗಿ ಬರೀ ‘ಸಾಸಿವೆ ಬಿತ್ತಿ’ ಎನ್ನದೆ ಎರಡೂ ಬಿತ್ತನೆಯ ದಿನಗಳ ಲೆಕ್ಕವನ್ನೂ ಕೊಡಿ.

ವಿಶ್ವಾಸದಿಂದ,
ನಿಮ್ಮ ಹಿರಿಯ ಓದುಗ