ನಿರ್ಮಾಪಕನೆಂದರೆ ಬರೀ ದುಡ್ಡು ಹಾಕುವವನಲ್ಲ

ಮಾನ್ಯ ಸಂಪಾದಕರೇ,

ಭಾನುವಾರದ ಜರ್ಮನ್ ಚಿತ್ರ ಪ್ರದರ್ಶನ ಯಶಸ್ವಿಯಾಯಿತೆಂದು ನಿಮ್ಮ ಪತ್ರಿಕೆ ವರದಿ ಮಾಡಿದೆ. ಕೊನೆಯವರೆಗೆ ಸಭಾಂಗಣದಲ್ಲಿದ್ದ ನನಗೆ ಆ ಮಾತು ಒಪ್ಪಿಗೆಯಿಲ್ಲ. ಅಲ್ಲಿ ಪೂರ್ತಿಯಾಗಿ ನಡೆದದ್ದು ಸನ್ಮಾನವೇ ಹೊರತು ಚಿತ್ರ ಪ್ರದರ್ಶನವಲ್ಲ.

ಐದು ಗಂಟೆಗೆ ನಿರ್ಮಾಪಕ ಎರಿಕ್ ಪೊಮ್ಮರ್ ಕುರಿತು ಉಪನ್ಯಾಸ, ನಂತರ ಅವರ ‘ದಿ ಬ್ಲೂ ಏಂಜೆಲ್’ ಎಂದು ಆಹ್ವಾನ ಪತ್ರಿಕೆಯಲ್ಲಿತ್ತು. ಮೊಣಕಾಲು ನೋವಿರುವ ನನ್ನ ಅಣ್ಣನನ್ನು ಕರೆದುಕೊಂಡು, ಮಳೆಯಲ್ಲಿ ಎರಡು ಬಸ್ಸು ಬದಲಿಸಿ ಬಂದೆ. ಲಿಫ್ಟು ಕೆಟ್ಟಿತ್ತು. ಮುಖ್ಯ ಅತಿಥಿಗಳು ಬಂದದ್ದು ಆರೂವರೆಗೆ. ಶಾಲು, ಹಾರ, ಹಣ್ಣಿನ ಬುಟ್ಟಿಗಳ ಸರದಿ ಮುಗಿದಾಗ ಉಪನ್ಯಾಸಕರಿಗೆ ಉಳಿದದ್ದು ಐದು ನಿಮಿಷ. ಮುಕ್ಕಾಲು ಗಂಟೆ ಚಿತ್ರ ಓಡಿರಬಹುದು, ಕಥೆಯ ಪ್ರೊಫೆಸರ್ ಕೆಲಸ ಕಳೆದುಕೊಳ್ಳುವ ಮೊದಲೇ ದೀಪ ಹತ್ತಿಸಿ, ಸಭಾಂಗಣದ ಸಮಯ ಮುಗಿಯಿತೆಂದು ನಮ್ಮನ್ನು ಎಬ್ಬಿಸಿದರು. ಕೊನೆಯ ಬಸ್ಸೂ ತಪ್ಪಿ, ಆಟೊಗೆ ದುಪ್ಪಟ್ಟು ಕೊಟ್ಟು ಮನೆ ಸೇರಿದೆವು.

ಇಷ್ಟನ್ನು ಸಹಿಸಬಹುದಿತ್ತು. ಆದರೆ ಪೊಮ್ಮರ್ ಅವರನ್ನು ಚಿತ್ರಗಳಿಗೆ ದುಡ್ಡು ಹಾಕಿದ ವ್ಯಾಪಾರಿಯೆಂದು ನಿರೂಪಕರು ಪರಿಚಯಿಸಿದರು, ನಿಮ್ಮ ವರದಿಯೂ ಅದನ್ನೇ ಅಚ್ಚು ಹಾಕಿತು. 1889ರಲ್ಲಿ ಹಿಲ್ಡೆಸ್‌ಹೈಮ್‌ನಲ್ಲಿ ಹುಟ್ಟಿದ ಈ ಮನುಷ್ಯ 1907ರಲ್ಲಿ ಫ್ರಾನ್ಸಿನ ಗೋಮೊಂ ಕಂಪನಿಯ ಬರ್ಲಿನ್ ಶಾಖೆಗೆ ಮಾರಾಟಗಾರನಾಗಿ ಸೇರಿ, ಚಿತ್ರಗಳನ್ನು ಊರೂರಿಗೆ ತಲುಪಿಸುವ ವಿತರಕನ ಕೆಲಸದಿಂದಲೇ ಮೇಲೆ ಬಂದವರು. 1915ರಲ್ಲಿ, ಮಹಾಯುದ್ಧದ ನಡುವೆ, ಡೆಕ್ಲಾ ಸಂಸ್ಥೆಯನ್ನು ಕಟ್ಟಿದರು. 1920ರಲ್ಲಿ ತೆರೆಕಂಡ ಹೆಸರಾಂತ ಮೂಕಿ ಚಿತ್ರ ‘ಕ್ಯಾಲಿಗರಿ’ ಆ ಸಂಸ್ಥೆಯದು. ಡೆಕ್ಲಾ ಜರ್ಮನಿಯ ದೊಡ್ಡ ಚಿತ್ರಸಂಸ್ಥೆಯಾದ ಉಫಾದಲ್ಲಿ ಸೇರಿಹೋದ ಮೇಲೆ ಫ್ರಿಟ್ಜ್ ಲಾಂಗ್, ಮುರ್ನೌ ಅವರಂಥ ನಿರ್ದೇಶಕರಿಗೆ ಬೇಕಾದ ಕಾಲ, ಕಲಾವಿದರು, ಸೆಟ್ಟುಗಳನ್ನು ಒದಗಿಸಿ ಬೆನ್ನಿಗೆ ನಿಂತವರೂ ಇವರೇ. ಲಾಂಗ್ ಅವರ ‘ಮೆಟ್ರೊಪೊಲಿಸ್’ ಚಿತ್ರದ ವೆಚ್ಚ ಮಿತಿಮೀರುತ್ತಿದ್ದ ದಿನಗಳಲ್ಲಿ, 1926ರಲ್ಲಿ, ಉಫಾ ಬಿಟ್ಟು ಹಾಲಿವುಡ್‌ಗೆ ಹೋದರು, ಮರುವರ್ಷವೇ ಮರಳಿದರು. ಟಾಕಿ ಬಂದಾಗ ಜರ್ಮನ್ ಮಾತಿನ ಚಿತ್ರ ಹೊರದೇಶಗಳಲ್ಲಿ ಓಡುವುದು ಕಷ್ಟವೆಂಬುದು ವಿತರಣೆ ಬಲ್ಲ ಅವರಿಗೆ ಗೊತ್ತಿತ್ತು. ನಮಗೆ ಅರ್ಧ ತೋರಿಸಿದ ಈ 1930ರ ಚಿತ್ರ ಜರ್ಮನ್ ಮತ್ತು ಇಂಗ್ಲಿಷ್‌ಗಳಲ್ಲಿ ಒಟ್ಟೊಟ್ಟಿಗೆ ಚಿತ್ರೀಕರಣಗೊಂಡಿತ್ತು. ದ್ವಿಭಾಷಾ ಚಿತ್ರಗಳನ್ನು ನೋಡುತ್ತಲೇ ಬೆಳೆದ ನಮ್ಮ ಪ್ರೇಕ್ಷಕರಿಗೆ ಈ ಒಂದು ಸಂಗತಿಯನ್ನಾದರೂ ಹೇಳಬಾರದಿತ್ತೇ? ನಮ್ಮ ಕನಕಪುರ ರಸ್ತೆಯ ತಾತಗುಣಿಯಲ್ಲಿ ನೆಲೆಸಿದ್ದ ನಟಿ ದೇವಿಕಾರಾಣಿಯವರು ಚಲನಚಿತ್ರ ಕಲೆಯ ತರಬೇತಿ ಪಡೆದದ್ದು ಅದೇ ಉಫಾದ ಸ್ಟುಡಿಯೊದಲ್ಲಿ. ವೇದಿಕೆಯಲ್ಲಿದ್ದ ಯಾರೊಬ್ಬರೂ ಆ ಹೆಸರನ್ನೆತ್ತಲಿಲ್ಲ.

ಯಹೂದಿಯೆಂಬ ಕಾರಣಕ್ಕೆ 1933ರಲ್ಲಿ ಉಫಾ ಪೊಮ್ಮರ್ ಅವರನ್ನು ಹೊರಹಾಕಿತು. ಪ್ಯಾರಿಸ್, ಲಂಡನ್, ಅಮೆರಿಕ ಎಂದು ಅಲೆದವರು, ಯುದ್ಧ ಮುಗಿದ ಮೇಲೆ 1946ರಲ್ಲಿ ಅಮೆರಿಕದ ಚಲನಚಿತ್ರ ಅಧಿಕಾರಿಯಾಗಿ ಅದೇ ಜರ್ಮನಿಗೆ ಬಂದು, ನೆಲಕಚ್ಚಿದ್ದ ಉದ್ಯಮವನ್ನು ಮತ್ತೆ ನಿಲ್ಲಿಸಲು ದುಡಿದರು. ಅಧಿಕಾರಿ ಎಂಬ ಪದಕ್ಕೆ ಅರ್ಥ ಕೊಟ್ಟ ಇಂಥವರ ಬದುಕನ್ನು ಈ ಕಾರ್ಯಕ್ರಮ ನಡೆಸಿದ ಕಚೇರಿಯ ನಮ್ಮ ಅಧಿಕಾರಿಗಳು ಐದು ನಿಮಿಷಕ್ಕೆ ಇಳಿಸಿದ್ದು ನನಗೆ ತೀರಾ ನೋವು ತಂದಿದೆ.

ಇದು ಮೊದಲ ಸಲವೇನೂ ಅಲ್ಲ. ಎರಡು ವರ್ಷಗಳ ಹಿಂದೆ ಇದೇ ಕಚೇರಿಯವರು ಮೂಕಿ ಚಿತ್ರವೊಂದನ್ನು ಹಿನ್ನೆಲೆ ಸಂಗೀತವೇ ಇಲ್ಲದೆ ತೋರಿಸಿದಾಗ ಎರಡು ಮನವಿ ಕೊಟ್ಟಿದ್ದೆ. ಸ್ವೀಕೃತಿ ಚೀಟಿ ನನ್ನ ಬಳಿ ಇದೆ, ಉತ್ತರ ಇವತ್ತಿಗೂ ಬಂದಿಲ್ಲ. ವಿಚಾರಿಸಲು ಹೋದರೆ ಸಾಹೇಬರು ಸಭೆಯಲ್ಲಿದ್ದಾರೆ ಎಂಬ ಒಂದೇ ಮಾತು.

ಆ ಚಿತ್ರವನ್ನು ಪೂರ್ತಿ ಇನ್ನೊಮ್ಮೆ ತೋರಿಸಬೇಕು, ಇಲ್ಲವೇ ಇಂಥ ಕಾರ್ಯಕ್ರಮಗಳನ್ನು ಸಿನಿಮಾ ಬಲ್ಲವರ ಕೈಗೆ ಒಪ್ಪಿಸಬೇಕು. ನೀವೂ ತಿದ್ದುಪಡಿ ಪ್ರಕಟಿಸಬೇಕು. ಒಂದು ಚಿತ್ರವನ್ನು ಕೊನೆಯವರೆಗೆ ಕುಳಿತು ನೋಡುವ ತಾಳ್ಮೆಯಿಲ್ಲದವರು ಅದರ ಉದ್ಘಾಟನೆಗೆ ಯಾಕಾದರೂ ಬರುತ್ತಾರೆ?

– ಒಬ್ಬ ಹಳೆಯ ಓದುಗ, ಬೆಂಗಳೂರು