ಮಗಳಿಗೊಂದು ಪತ್ರ: ಮೂರ್ತಿಯವರ ಬಿಸಿಲುಕೋಲು

ಪ್ರೀತಿಯ ಮಗಳೇ,

ಈಗಿನ ಕ್ಯಾಮೆರಾಗಳು ಮಬ್ಬುಗತ್ತಲಲ್ಲೂ ಎಲ್ಲವನ್ನೂ ಹಿಡಿಯುವಾಗ ಬೆಳಕು ಜೋಡಿಸುವ ಪಾಠಕ್ಕೆ ಇಷ್ಟು ತಿಂಗಳು ಏಕೆ ಎಂದು ನೀನು ಫೋನಿನಲ್ಲಿ ಕೇಳಿದಾಗ ನನಗೆ ಕೂಡಲೇ ಉತ್ತರ ಹೊಳೆಯಲಿಲ್ಲ. ನಮ್ಮ ಮೈಸೂರಿನಲ್ಲೇ 1923ರಲ್ಲಿ ಹುಟ್ಟಿದ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರ ಕೆಲಸವನ್ನು ಮುಂದಿಟ್ಟುಕೊಂಡು ಈಗ ಹೇಳುತ್ತೇನೆ.

ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತು ಮುಂಬಯಿಗೆ ಹೋದ ಅವರು 1951ರ ‘ಬಾಝಿ’ಯಲ್ಲಿ ಇನ್ನೂ ಸಹಾಯಕರಾಗಿದ್ದರು. ಅವರ ಕೈಚಳಕವನ್ನು ಗುರುತಿಸಿದ ಆ ಚಿತ್ರದ ನಿರ್ದೇಶಕ, ನಟ ಗುರುದತ್ ಮರುವರ್ಷದ ‘ಜಾಲ್’ಗೆ ಅವರನ್ನೇ ಛಾಯಾಗ್ರಾಹಕರನ್ನಾಗಿ ಮಾಡಿಕೊಂಡರು.

ನೀನು ಮೊದಲು ನೋಡಬೇಕಾದದ್ದು 1959ರ ‘ಕಾಗಝ್ ಕೆ ಫೂಲ್’. ಭಾರತದ ಮೊದಲ ಸಿನೆಮಾಸ್ಕೋಪ್, ಅಂದರೆ ಅಗಲ ಪರದೆಯ ಚಿತ್ರವದು. ಅಷ್ಟು ಅಗಲದ ಪರದೆ ಸಿಕ್ಕಾಗ ಅದನ್ನು ಅಲಂಕಾರದಿಂದ ತುಂಬಿಸುವ ಆಸೆ ಯಾರಿಗಾದರೂ ಬರುತ್ತದೆ. ಮೂರ್ತಿಯವರು ಖಾಲಿ ಸ್ಟುಡಿಯೋದ ಕತ್ತಲನ್ನು ಹಾಗೆಯೇ ಉಳಿಸಿಕೊಂಡು, ನಡುವೆ ಒಂದೇ ಒಂದು ಬಿಸಿಲುಕೋಲನ್ನು ಇಳಿಸಿ, ಅದರ ಆಚೆಗೊಬ್ಬರು ಈಚೆಗೊಬ್ಬರಾಗಿ ಗುರುದತ್ ಮತ್ತು ವಹೀದಾ ರೆಹಮಾನ್ ನಿಲ್ಲುವಂತೆ ದೃಶ್ಯವನ್ನು ಕಟ್ಟಿದರು. ಸ್ಟುಡಿಯೋ ದೀಪದ ಬೆಳಕು ದೂರ ಹೋದಂತೆಲ್ಲ ಹರಡಿಕೊಳ್ಳುತ್ತದೆ, ಬಿಸಿಲು ಹಾಗಲ್ಲ. ಆದ್ದರಿಂದ ಅವರು ಹೊರಗೊಂದು ದೊಡ್ಡ ಕನ್ನಡಿಯಿಟ್ಟು, ಬಿಸಿಲನ್ನು ಒಳಗಿನ ಇನ್ನೊಂದು ಕನ್ನಡಿಗೆ ಹಾಯಿಸಿ, ಅಲ್ಲಿಂದ ನೆಲಕ್ಕೆ ಇಳಿಸಿದರು. ತುಸು ಹೊಗೆ ಬೆರೆತಾಗ ಆ ಕೋಲು ಕೈಯಲ್ಲಿ ಮುಟ್ಟಬಹುದೇನೋ ಎಂಬಷ್ಟು ಗಟ್ಟಿಯಾಗಿ ಕಂಡಿತು. ಇಬ್ಬರ ಛಾಯೆಗಳು ದೇಹ ಬಿಟ್ಟು ಪರಸ್ಪರ ಹತ್ತಿರವಾಗುವುದು ಆ ಬೆಳಕಿನಲ್ಲಿಯೇ. ಎಷ್ಟು ಸಲ ನೋಡಿದರೂ ಅಲ್ಲಿಗೆ ಬಂದಾಗ ನನ್ನ ಗಂಟಲು ಕಟ್ಟುತ್ತದೆ.

ನಿನ್ನ ಪ್ರಶ್ನೆಗೆ ನೇರ ಉತ್ತರ 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ನ ಮುಜ್ರಾ ನೃತ್ಯದ ದೃಶ್ಯದಲ್ಲಿದೆ. ಅಲ್ಲಿ ಬೆಳಕು ಬೀಳುವುದು ಮುಖ್ಯ ನರ್ತಕಿಯ ಮೇಲೆ ಮಾತ್ರ. ಸುತ್ತ ಕುಣಿಯುವವರು ಹಾಡಿನುದ್ದಕ್ಕೂ ನೆರಳಾಗಿಯೇ ಉಳಿಯುತ್ತಾರೆ. ಯಾರನ್ನು ಕತ್ತಲಲ್ಲಿ ಬಿಡಬೇಕೆಂದು ನಿನ್ನ ಕ್ಯಾಮೆರಾ ತಾನಾಗಿ ನಿರ್ಧರಿಸಲಾರದು ಮಗಳೇ, ಆ ತಿಂಗಳುಗಳ ಪಾಠವೆಲ್ಲ ಅದಕ್ಕಾಗಿಯೇ ಇದೆ.

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರಿಗೆ ಸಂದಿತು. ಒಬ್ಬ ಛಾಯಾಗ್ರಾಹಕರಿಗೆ ಆ ಗೌರವ ದೊರೆತದ್ದು ಅದೇ ಮೊದಲು. ಇಷ್ಟು ತಡವಾಗಬಾರದಿತ್ತು ಎಂಬ ಬೇಸರ ನನಗೆ ಇಂದಿಗೂ ಇದೆ. 2014ರಲ್ಲಿ ಅವರು ಬೆಂಗಳೂರಿನಲ್ಲಿ ತೀರಿಕೊಂಡರು.

ಅಜ್ಜಿಯ ಅಡುಗೆಮನೆಯ ಬೆಳಕಿಂಡಿ ನಿನಗೆ ನೆನಪಿರಬೇಕು. ಬೆಳಗ್ಗೆ ಒಲೆಯ ಹೊಗೆಯೆದ್ದಾಗ ಅಲ್ಲಿಂದ ಇಳಿಯುತ್ತಿದ್ದ ಬಿಸಿಲುಕೋಲಿನೊಳಗೆ ಕೈಯಾಡಿಸುತ್ತ ನೀನು ಊಟವನ್ನೇ ಮರೆಯುತ್ತಿದ್ದೆ. ಆ ಹೆಂಚಿನ ಮನೆ ಇನ್ನೂ ಹಾಗೆಯೇ ಇದೆ. ರಜೆಗೆ ಬರುವಾಗ ಕ್ಯಾಮೆರಾ ತಾ. ಒಲೆಯನ್ನು ನಾನು ಹೊತ್ತಿಸುತ್ತೇನೆ.

ನಿನ್ನ,
ಅಮ್ಮ